ದುರ್ಗದ ಇತಿಹಾಸ: ಸಾಕ್ಷ್ಯಚಿತ್ರ ನಿರ್ಮಾಪಕನ ತೆರೆಮರೆಯ ಕಾಯಕ

ಚಿತ್ರದುರ್ಗ: ಐತಿಹಾಸಿಕ ಸಾಕ್ಷ್ಯಚಿತ್ರದ ನಿರ್ಮಾಪಕನ ಹೆಸರು ತೆರೆಯ ಮೇಲೆ ಕ್ಷಣಕಾಲ ಮೂಡಿ ಮರೆಯಾಗುತ್ತದೆ. ಆದರೆ ಯಾವುದು ಇತಿಹಾಸ, ಯಾವುದು ಐತಿಹ್ಯ ಎಂದು ತೋರಿಸುವ ಹೊಣೆ ಕೊನೆಗೆ ಆತನದೇ.

ಕ್ಯಾಮೆರಾ ಹೊರಡುವ ಮುನ್ನ ಕಾಗದಪತ್ರಗಳ ಕೆಲಸವಿದೆ. ಏಳುಸುತ್ತಿನ ಕೋಟೆ ಕೇಂದ್ರ ಪುರಾತತ್ತ್ವ ಇಲಾಖೆಯ ಸಂರಕ್ಷಿತ ಸ್ಮಾರಕ. 1959ರ ನಿಯಮಾವಳಿಯನ್ವಯ ಚಿತ್ರೀಕರಣಕ್ಕೆ ಪರವಾನಗಿ ಅಗತ್ಯ. ಜಿಲ್ಲೆಯ ಶಾಸನಪಾಠಗಳಿಗೆ ಬಿ.ಎಲ್. ರೈಸ್ ಸಂಪಾದಿತ ಎಪಿಗ್ರಾಫಿಯಾ ಕರ್ನಾಟಿಕದ 11ನೇ ಸಂಪುಟವನ್ನು ತೆರೆಯಲೇಬೇಕು.

ನಿಜವಾದ ಪರೀಕ್ಷೆ ಎದುರಾಗುವುದು ಓಬವ್ವನ ಕಿಂಡಿಯ ಬಳಿ. ಒನಕೆ ಓಬವ್ವನ ಸಾಹಸ ಬಹುಮಟ್ಟಿಗೆ ಜನರ ನೆನಪಿನಲ್ಲಿ ಉಳಿದುಬಂದ ಕಥನ. ಎನ್. ವೀರಾಸ್ವಾಮಿ ನಿರ್ಮಿಸಿ, ಪುಟ್ಟಣ್ಣ ಕಣಗಾಲ್ ನಿರ್ದೇಶಿಸಿದ 'ನಾಗರಹಾವು' (1972) ಚಿತ್ರದಲ್ಲಿ ಜಯಂತಿ ಆ ಪಾತ್ರ ವಹಿಸಿದ ಬಳಿಕ ಪ್ರೇಕ್ಷಕರಿಗೆ ಓಬವ್ವನೆಂದರೆ ಅದೇ ಮುಖ. 1779ರಲ್ಲಿ ಕೋಟೆ ಹೈದರಾಲಿಯ ವಶವಾದದ್ದು ದಾಖಲೆಯ ಸಂಗತಿ. ಕಿಂಡಿಯ ಘಟನೆಯನ್ನೂ ಅದೇ ದನಿಯಲ್ಲಿ ನಿರೂಪಿಸಿದರೆ ಇತಿಹಾಸಕಾರರ ಆಕ್ಷೇಪ. ಐತಿಹ್ಯವೆಂದು ಬದಿಗಿಟ್ಟರೆ ದುರ್ಗದವರಿಗೆ ನೋವು. ಬಲ್ಲ ನಿರ್ಮಾಪಕ ಅದನ್ನು ಊರಿನವರ ಬಾಯಿಂದಲೇ ಹೇಳಿಸುತ್ತಾನೆ.

ಹೊಳಲ್ಕೆರೆಯ ಬಯಲು ಗಣಪತಿ, ಹೊಸದುರ್ಗದ ಬೆಟ್ಟದ ಕೋಟೆಗಳಿಗೆ ದುರ್ಗದ ನೆರಳಿನಲ್ಲಿ ಅಷ್ಟಾಗಿ ಜಾಗ ಸಿಗುವುದಿಲ್ಲ. ಸಿಗಬೇಕಿತ್ತು.

ಹಿರಿಯೂರಿನ ತೊಡಕೇ ಬೇರೆ. 1907ರಲ್ಲಿ ಪೂರ್ಣಗೊಂಡ ವಾಣಿವಿಲಾಸ ಸಾಗರ, ಜನರ ಬಾಯಲ್ಲಿ ಮಾರಿಕಣಿವೆ, 1933ರ ನಂತರ ಕೋಡಿ ಬಿದ್ದದ್ದು 2022ರಲ್ಲಿ. 89 ವರ್ಷ ಕಾಯಿಸಿದ ದೃಶ್ಯಕ್ಕೆ ಚಿತ್ರೀಕರಣದ ದಿನ ಗೊತ್ತುಪಡಿಸುವುದು ಯಾವ ನಿರ್ಮಾಪಕನಿಂದಲೂ ಆಗದ ಮಾತು.