ಮಧ್ಯರೇಖೆಯ ಮಗ್ಗುಲಲ್ಲಿ ಗಣಿತದ ಓದು

ನಮ್ಮ ಹಳೆಯ ಸಿದ್ಧಾಂತ ಗ್ರಂಥಗಳು ಭೂಮಿಯ ಮಧ್ಯರೇಖೆಯನ್ನು ಲಂಕೆಯಿಂದ ಎಳೆದು, ಉಜ್ಜಯಿನಿಯ ಮೇಲೆ ಹಾಯಿಸಿ, ಕುರುಕ್ಷೇತ್ರದ ಮೂಲಕ ಮೇರುವಿಗೆ ಮುಟ್ಟಿಸುತ್ತವೆ. ಗ್ರೀನಿಚ್ ಬರುವ ಮುಂಚೆ ನಮ್ಮ ಗ್ರಹಗಣಿತಕ್ಕೆಲ್ಲ ಅದೇ ಸೊನ್ನೆ ಗೆರೆ. ಉಜ್ಜಯಿನಿ ಇರುವುದು ಸುಮಾರು 75.8 ಡಿಗ್ರಿ ಪೂರ್ವ ರೇಖಾಂಶದಲ್ಲಿ. ಹಳೆಯ ಬಳ್ಳಾರಿ ಜಿಲ್ಲೆಯ ಪಡುವಣ ತಾಲೂಕುಗಳನ್ನು ನೋಡಿದರೆ, ಹೂವಿನಹಡಗಲಿ 75.9ರಲ್ಲಿದೆ, ಹರಪನಹಳ್ಳಿ 76ಕ್ಕೆ ತಾಗಿದೆ, ಕೊಟ್ಟೂರು ಹಗರಿಬೊಮ್ಮನಹಳ್ಳಿಗಳು 76.2ರಲ್ಲಿವೆ. ಅಂದರೆ ಆ ಗೆರೆ ಹಡಗಲಿಗೆ ಇಪ್ಪತ್ತು ಕಿಲೋಮೀಟರಿನೊಳಗೆ ಪಡುವಣಕ್ಕೆ ಹಾದುಹೋಗುತ್ತದೆ. ಐದು ಊರುಗಳಲ್ಲಿ ಅದಕ್ಕೆ ಎಲ್ಲಕ್ಕಿಂತ ದೂರ ಇರುವ ಕೂಡ್ಲಿಗಿಯಲ್ಲೂ ಉಜ್ಜಯಿನಿಗಿಂತ ಎರಡೂವರೆ ನಿಮಿಷ ಮುಂಚೆ ಮಧ್ಯಾಹ್ನವಾಗುತ್ತದೆ, ಅಷ್ಟೆ. ಬೇರೆ ಸೀಮೆಯವರು ಪಂಚಾಂಗ ಕಟ್ಟುವಾಗ ಮಾಡಬೇಕಿದ್ದ ದೇಶಾಂತರ ಸಂಸ್ಕಾರ, ಅಂದರೆ ರೇಖಾಂಶದ ತಿದ್ದುಪಡಿ, ಇಲ್ಲಿಯವರಿಗೆ ಹೆಚ್ಚುಕಡಿಮೆ ಉಳಿತಾಯ.

ಇಷ್ಟು ಸಣ್ಣ ಸಂಗತಿಯನ್ನು ನಾನು ಯಾವ ಕನ್ನಡ ಪುಸ್ತಕದಲ್ಲೂ ಓದಿಲ್ಲ. ಭೂಪಟ ಮುಂದಿಟ್ಟುಕೊಂಡು ಕಳೆದು ನೋಡಿದ್ದು. ರೇಖಾಗಣಿತ, ಗಣಿತದ ಚರಿತ್ರೆ, ವಿಶ್ವವಿಜ್ಞಾನ ಈ ಮೂರರ ಬಗ್ಗೆ ಕನ್ನಡದಲ್ಲಿ ಜನರಿಗಾಗಿ ಬರೆದದ್ದು ಕಡಿಮೆಯೇನಲ್ಲ. ಆದರೆ ಮೂರೂ ಒಂದೇ ಸಮನೆ ಬೆಳೆದಿಲ್ಲ. ಆಕಾಶದ ಪುಸ್ತಕಕ್ಕೆ ಓದುಗರು ಸಿಕ್ಕರು, ಗಣಿತಜ್ಞರ ಕಥೆಗೂ ಸಿಕ್ಕರು. ರೇಖಾಗಣಿತ ಮಾತ್ರ ಪಠ್ಯಪುಸ್ತಕದ ಹೊಸ್ತಿಲು ದಾಟಲಿಲ್ಲ. ಅದಕ್ಕೆ ಬೇಕಾದ ಸಾಮಗ್ರಿಯೆಲ್ಲ ಈ ಐದು ತಾಲೂಕುಗಳ ಕಲ್ಲಿನಲ್ಲೇ ಬಿದ್ದಿರುವಾಗ ಇದು ನನಗೆ ಹೆಚ್ಚು ಚುಚ್ಚುತ್ತದೆ.

ಓದು ಎಂದರೆ ಅಚ್ಚಾದ ಪುಸ್ತಕದ ಓದೇ ಆಗಬೇಕಿಲ್ಲ. ಕೂಡ್ಲಿಗಿ ಸೀಮೆಯ ರೈತ ಮೃಗಶಿರಾ ಮಳೆ ಕೂಡಿತು ಎನ್ನುವಾಗ ಸೂರ್ಯ ಆ ನಕ್ಷತ್ರದ ಪಾಲಿಗೆ ಬಂದ ಎಂದೇ ಹೇಳುತ್ತಿರುತ್ತಾನೆ. 360 ಡಿಗ್ರಿಯನ್ನು 27 ಪಾಲು ಮಾಡಿದರೆ ಒಂದೊಂದಕ್ಕೆ 13 ಡಿಗ್ರಿ 20 ಕಲೆ. ಅದನ್ನು ದಾಟಲು ಸೂರ್ಯನಿಗೆ ಹದಿಮೂರು ಹದಿನಾಲ್ಕು ದಿನ ಹಿಡಿಯುತ್ತದೆ. ಗೋಡೆಯ ತೂಗುಪಂಚಾಂಗ ನೋಡಿ ಬಿತ್ತನೆಗೆ ದಿನ ಗೊತ್ತು ಮಾಡುವವರು ಆ ಭಾಗಾಕಾರದ ಫಲವನ್ನು ಓದುತ್ತಿದ್ದಾರೆ, ಭಾಗಾಕಾರ ಕಾಣದಿದ್ದರೂ.

ಶಾಸನಗಳದ್ದೂ ಇದೇ ಕಥೆ. ಬಾಗಳಿ, ಕೋಗಳಿ, ಅಂಬಳಿ, ಹಿರೇಹಡಗಲಿ, ಕುರುವತ್ತಿ ಎಲ್ಲಿ ಹೋದರೂ ಚಾಲುಕ್ಯರ ಕಾಲದ ಕಲ್ಲುಗಳಿವೆ. ದಾನ ಕೊಟ್ಟವರು ಶಕವರ್ಷ, ಸಂವತ್ಸರ, ತಿಥಿ, ವಾರ ಹೇಳಿ, ಸೂರ್ಯಗ್ರಹಣವೋ ಉತ್ತರಾಯಣ ಸಂಕ್ರಾಂತಿಯೋ ಎಂದು ನಿಮಿತ್ತ ಬರೆಸುವುದು ಆ ಕಾಲದ ವಾಡಿಕೆ. ಮದ್ರಾಸ್ ಪ್ರಾಂತದ ಕನ್ನಡ ಶಾಸನಗಳು 1939ರಲ್ಲಿ, ಆರ್. ಶಾಮಶಾಸ್ತ್ರಿ ಮತ್ತು ಎನ್. ಲಕ್ಷ್ಮೀನಾರಾಯಣರಾಯರ ಸಂಪಾದನೆಯಲ್ಲಿ, ಸೌತ್ ಇಂಡಿಯನ್ ಇನ್‌ಸ್ಕ್ರಿಪ್ಷನ್ಸ್ ಮಾಲೆಯ ಒಂಬತ್ತನೆಯ ಸಂಪುಟದ ಮೊದಲ ಭಾಗವಾಗಿ ಬಂದವು. ಸಂಶೋಧಕರು ಅವುಗಳಲ್ಲಿ ರಾಜರನ್ನು ಹುಡುಕಿದರು, ಮಠಗಳನ್ನು ಹುಡುಕಿದರು. ಗ್ರಹಣ ಹುಡುಕುವವರು ಬರಲು ಇನ್ನೂ ಬಹಳ ಕಾಲ ಬೇಕಾಯಿತು. ಬೆಂಗಳೂರಿನ ತಾರಾಲಯದ ಬಿ.ಎಸ್. ಶೈಲಜಾ ಮತ್ತು ಗೀತಾ ಕೈದಾಳ ಶಾಸನಗಳಲ್ಲಿರುವ ಗ್ರಹಣ, ಗ್ರಹಯೋಗಗಳ ಉಲ್ಲೇಖಗಳನ್ನು ಒಟ್ಟುಗೂಡಿಸಿ ಇಂಗ್ಲಿಷಿನಲ್ಲಿ ಪುಸ್ತಕ ಮಾಡಿದ್ದು 2016ರಲ್ಲಿ. ಈಗ ಲೆಕ್ಕ ಹಾಕಿ ಹಿಂದಕ್ಕೆ ಹೋದರೆ ಆ ದಿನ ಗ್ರಹಣ ನಿಜವಾಗಿ ಆಗಿತ್ತೇ, ಇಲ್ಲಿಗೆ ಕಾಣುತ್ತಿತ್ತೇ ಎಂದು ಪರೀಕ್ಷಿಸಬಹುದು. ಹೈಸ್ಕೂಲು ಹುಡುಗರಿಗೂ ಎಟುಕುವ ಕೆಲಸ ಇದು. ಶೈಲಜಾ ಕನ್ನಡದಲ್ಲೂ ಖಗೋಳದ ಬಗ್ಗೆ ಸಾಕಷ್ಟು ಬರೆದವರು.

ಗಣಿತಕ್ಕೆ ಬರೋಣ. ಒಂಬತ್ತನೆಯ ಶತಮಾನದಲ್ಲಿ, ಈ ಸೀಮೆ ರಾಷ್ಟ್ರಕೂಟರ ಕೈಯಲ್ಲಿದ್ದಾಗ, ಅಮೋಘವರ್ಷ ನೃಪತುಂಗನ ಆಶ್ರಯದಲ್ಲಿ ಮಹಾವೀರಾಚಾರ್ಯ ‘ಗಣಿತಸಾರಸಂಗ್ರಹ’ ಬರೆದ. ಸಂಸ್ಕೃತದ ಪುಸ್ತಕ, ಆದರೆ ಜನರ ಬಾಯಲ್ಲಿ ಆಡುವಂಥ ಲೆಕ್ಕಗಳು. ಪ್ರಣಯಕಲಹದಲ್ಲಿ ಹರಿದ ಮುತ್ತಿನ ಹಾರದ ಲೆಕ್ಕ ಒಂದಿದೆ. ಮೂರನೆಯ ಒಂದು ಪಾಲು ಒಂದೆಡೆ, ಆರನೆಯ ಒಂದು ಪಾಲು ಹಾಸಿಗೆಯ ಮೇಲೆ. ಉಳಿದದ್ದರಲ್ಲಿ ಅರ್ಧ, ಮತ್ತೆ ಅರ್ಧ, ಹೀಗೆ ಆರು ಸಲ ಚೆಲ್ಲಿಹೋಗಿ ದಾರದಲ್ಲಿ 1161 ಮುತ್ತು ಉಳಿಯಿತು. ಒಟ್ಟು 1,48,608. ಇಷ್ಟು ಮುತ್ತಿನ ಹಾರ ಹೊತ್ತ ಆ ಕತ್ತು ಎಂಥದ್ದೋ! ಭಾರತೀಯ ಗಣಿತ ಗ್ರಂಥಗಳಲ್ಲಿ ದೀರ್ಘವೃತ್ತದ ಮಾತೆತ್ತಿದವನು ಬಹುಶಃ ಇವನೊಬ್ಬನೇ. ಋಣಸಂಖ್ಯೆಗೆ ವರ್ಗಮೂಲವಿಲ್ಲ ಎಂದು ಬರೆದಿಟ್ಟವನೂ ಇವನೇ.

ಮಹಾವೀರ ಜೈನ. ಜೈನರ ವಿಶ್ವಕಲ್ಪನೆ ರೇಖಾಗಣಿತವಿಲ್ಲದೆ ನಿಲ್ಲುವುದಿಲ್ಲ. ನಡುವೆ ಜಂಬೂದ್ವೀಪವೆಂಬ ವೃತ್ತ, ವ್ಯಾಸ ಒಂದು ಲಕ್ಷ ಯೋಜನ, ಅದರ ಸುತ್ತ ಒಂದರ ಹೊರಗೊಂದು ಸಮುದ್ರ, ದ್ವೀಪ. ಸುತ್ತಳತೆ ಎಷ್ಟು? ಒರಟು ಲೆಕ್ಕಕ್ಕೆ ವ್ಯಾಸದ ಮೂರರಷ್ಟು, ಸೂಕ್ಷ್ಮ ಲೆಕ್ಕಕ್ಕೆ ಹತ್ತರ ವರ್ಗಮೂಲದಷ್ಟು. ಹಾಗಾಗಿ 3,16,227 ಯೋಜನ, ಅದರ ಮೇಲೆ ಅಂಗುಲದವರೆಗೂ ಉಳಿಕೆ ಬಿಡದೆ ಕೊಟ್ಟಿದ್ದಾರೆ. ಇಂದಿನ ಪೈ ಬೆಲೆ ಹಿಡಿದರೆ 3,14,159. ಎರಡು ಸಾವಿರಕ್ಕೂ ಹೆಚ್ಚು ಯೋಜನ ತಪ್ಪಿದ ಉತ್ತರಕ್ಕೆ ಅಂಗುಲದ ನಿಖರತೆ! ನಗು ಬರುತ್ತದೆ ನಿಜ. ಆದರೆ ಹನ್ನೆರಡು ಅಂಕಿಯ ಸಂಖ್ಯೆಯ ವರ್ಗಮೂಲ ತೆಗೆಯುವುದು ಅವರಿಗೆ ನೀರು ಕುಡಿದಷ್ಟು ಸಲೀಸಾಗಿತ್ತು ಎಂಬುದನ್ನೂ ಆ ಸಂಖ್ಯೆಯೇ ತೋರಿಸುತ್ತದೆ. ಕೋಗಳಿಯಂಥ ಹಳೆಯ ಜೈನ ನೆಲೆ ಈ ಸೀಮೆಯಲ್ಲೇ ಇರುವುದರಿಂದ ಜಂಬೂದ್ವೀಪದ ಅಳತೆ ಇಲ್ಲಿಗೆ ಪರಕೀಯವಾದ ಮಾತೇನಲ್ಲ.

ಕನ್ನಡದಲ್ಲೇ ಗಣಿತ ಬರೆದವನು ಹನ್ನೆರಡನೆಯ ಶತಮಾನದ ರಾಜಾದಿತ್ಯ. ಊರು ಪೂವಿನಬಾಗೆ, ಅವನೂ ಜೈನ. ‘ವ್ಯವಹಾರಗಣಿತ’ದ ಜೊತೆಗೆ ‘ಕ್ಷೇತ್ರಗಣಿತ’ವೂ ಅವನ ಹೆಸರಿನಲ್ಲಿದೆ. ಕ್ಷೇತ್ರಗಣಿತ ಎಂದರೆ ಹೊಲ, ಕೆರೆ, ಬಾವಿ, ಕಣದ ರಾಶಿ ಅಳೆಯುವ ವಿದ್ಯೆ. ಅಂದರೆ ಜನಸಾಮಾನ್ಯರ ರೇಖಾಗಣಿತ. ಎಂಟುನೂರು ವರ್ಷದ ಹಿಂದೆ ಕನ್ನಡದಲ್ಲಿದ್ದ ಈ ವರ್ಗದ ಪುಸ್ತಕ ಇವತ್ತು ಅಂಗಡಿಯಲ್ಲಿ ಕೇಳಿದರೆ ಸಿಗುವುದಿಲ್ಲ.

ಅಚ್ಚಿನ ಯುಗದಲ್ಲಿ ಈ ತಾಲೂಕುಗಳ ಪಾಡು ವಿಚಿತ್ರ. 1896ರಲ್ಲಿ ಎರಡು ಪುಸ್ತಕ ಬಂದವು. ಅಲೆಕ್ಸಾಂಡರ್ ರೀ ಬಳ್ಳಾರಿ ಜಿಲ್ಲೆಯ ಚಾಲುಕ್ಯ ದೇವಾಲಯಗಳನ್ನು ಅಳೆದು ನಕ್ಷೆ ಸಮೇತ ಪ್ರಕಟಿಸಿದ. ಮದ್ರಾಸ್ ಸಿವಿಲ್ ಸರ್ವಿಸಿನ ರಾಬರ್ಟ್ ಸೀವೆಲ್, ಮಹಾರಾಷ್ಟ್ರದ ಶಂಕರ ಬಾಲಕೃಷ್ಣ ದೀಕ್ಷಿತರ ಜೊತೆ ಸೇರಿ, ಶಾಸನದ ತಿಥಿಯನ್ನು ಇಂಗ್ಲಿಷ್ ತಾರೀಖಿಗೆ ತಿರುಗಿಸುವ ಕೋಷ್ಟಕಗಳನ್ನು ಹೊರತಂದ. ಒಂದು ಇಲ್ಲಿಯ ನೆಲದ ರೇಖಾಗಣಿತ, ಇನ್ನೊಂದು ಇಲ್ಲಿಯ ಆಕಾಶದ ಲೆಕ್ಕ. ಎರಡೂ ಇಂಗ್ಲಿಷಿನಲ್ಲಿ. ಮಹಾವೀರನೂ 1912ರಲ್ಲಿ ಎಂ. ರಂಗಾಚಾರ್ಯರ ಇಂಗ್ಲಿಷ್ ಅನುವಾದದೊಂದಿಗೆ ಮದ್ರಾಸಿನಿಂದಲೇ ಹೊರಬಂದ.

ಕನ್ನಡದ ವಿಜ್ಞಾನ ಬರಹ ಹುಟ್ಟಿದ್ದು ಮೈಸೂರು ಸಂಸ್ಥಾನದಲ್ಲಿ. ಬೆಳ್ಳಾವೆ ವೆಂಕಟನಾರಣಪ್ಪ ಮತ್ತು ನಂಗಪುರಂ ವೆಂಕಟೇಶ ಅಯ್ಯಂಗಾರ್ 1918ರಲ್ಲಿ ಬೆಂಗಳೂರಿನಿಂದ ‘ವಿಜ್ಞಾನ’ ಮಾಸಪತ್ರಿಕೆ ಹೊರಡಿಸಿದರು. ಎರಡು ವರ್ಷಕ್ಕೇ ನಿಂತಿತು. ಮುಂದೆ ಮೈಸೂರು ವಿಶ್ವವಿದ್ಯಾನಿಲಯ ಪ್ರಚಾರೋಪನ್ಯಾಸ ಮಾಲೆಯಲ್ಲಿ ಕಿರುಹೊತ್ತಗೆಗಳನ್ನು ಅಗ್ಗದ ಬೆಲೆಗೆ ಹಂಚಿತು. ಆರ್.ಎಲ್. ನರಸಿಂಹಯ್ಯನವರ ‘ಜಗತ್ತುಗಳ ಹುಟ್ಟು ಸಾವು’ ಕನ್ನಡ ಓದುಗನಿಗೆ ವಿಶ್ವವಿಜ್ಞಾನವನ್ನು ಹೆದರಿಸದೆ ಹೇಳಿತು. ಕರಾವಳಿಯಲ್ಲಿ ಶಿವರಾಮ ಕಾರಂತರು 1936ರಲ್ಲಿ ‘ಬಾಲಪ್ರಪಂಚ’ದ ಮೂರು ಸಂಪುಟಗಳನ್ನು ಒಬ್ಬರೇ ಕೂತು ಬರೆದರು. ಬಳ್ಳಾರಿ ಜಿಲ್ಲೆ ಆಗ ಮದ್ರಾಸ್ ಪ್ರಾಂತದಲ್ಲಿತ್ತು. 1953ರ ಅಕ್ಟೋಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರುವವರೆಗೂ ಕಚೇರಿಯಲ್ಲಿ ಇಂಗ್ಲಿಷು, ಪೇಟೆಯಲ್ಲಿ ತೆಲುಗು ಜೋರಾಗಿದ್ದ ಜಿಲ್ಲೆ ಇದು. ಮೈಸೂರಿನ ಪುಸ್ತಕಮಾಲೆಗೆ ಇಲ್ಲಿಗೆ ಬರುವ ದಾರಿ ನೇರವಾಗಿರಲಿಲ್ಲ.

ಆಮೇಲಿನ ದಾರಿ ಹುಬ್ಬಳ್ಳಿಯಿಂದ ಬಂತು. 1956ರಲ್ಲಿ ಶುರುವಾದ ‘ಕಸ್ತೂರಿ’ ಮಾಸಪತ್ರಿಕೆ ಪಾ.ವೆಂ. ಆಚಾರ್ಯರ ಕೈಯಲ್ಲಿ ಬೆಳೆದು, ವಿಜ್ಞಾನವನ್ನು ಕಥೆ, ಪ್ರವಾಸದ ನಡುವೆ ಸಹಜವಾಗಿ ಸೇರಿಸಿತು. ನಿರಂಜನರ ಸಂಪಾದಕತ್ವದ ಏಳು ಸಂಪುಟಗಳ ಕಿರಿಯರ ವಿಶ್ವಕೋಶ ‘ಜ್ಞಾನಗಂಗೋತ್ರಿ’ ಬಂತು. 1978ರಲ್ಲಿ ‘ಬಾಲವಿಜ್ಞಾನ’ ಶುರುವಾಯಿತು, ಜೆ.ಆರ್. ಲಕ್ಷ್ಮಣರಾಯರು ಸಂಪಾದಕರು. ಶಾಲೆಗಳಿಗೆ ನೇರವಾಗಿ ಹೋದದ್ದೇ ಈ ಪತ್ರಿಕೆಯ ಬಲ.

ಆದರೆ ಒಬ್ಬರ ಬಳಿ ಸ್ವಲ್ಪ ಹೊತ್ತು ನಿಲ್ಲಲೇಬೇಕು. ಮಡಿಕೇರಿಯಲ್ಲಿ 1926ರಲ್ಲಿ ಹುಟ್ಟಿದ ಜಿ.ಟಿ. ನಾರಾಯಣರಾವ್ ಗಣಿತದ ಮೇಷ್ಟ್ರು, ಎನ್‌ಸಿಸಿ ಅಧಿಕಾರಿ, ಮೈಸೂರಿನ ಕನ್ನಡ ವಿಶ್ವಕೋಶದ ವಿಜ್ಞಾನ ಸಂಪಾದಕ. ‘ನೋಡೋಣು ಬಾರಾ ನಕ್ಷತ್ರ’, ‘ಸೂಪರ್ನೋವಾ’, ‘ಐನ್‌ಸ್ಟೈನ್ ಬಾಳಿದರಿಲ್ಲಿ’ ಬರೆದವರು. ಅವರ ಗದ್ಯ ಸಂಸ್ಕೃತದ ಭಾರ ಹೊತ್ತದ್ದು, ಕೆಲವೊಮ್ಮೆ ಉಸಿರು ಕಟ್ಟಿಸುತ್ತದೆ. ಹೊಸ ಪದ ಟಂಕಿಸುವ ಹುಮ್ಮಸ್ಸು ಬೇರೆ. ಆದರೂ ಓದುಗನನ್ನು ಎಳೆದು ಅಂಗಳಕ್ಕೆ ತಂದು, ತಲೆ ಎತ್ತಿಸಿ, ಓರಯನ್ ಇಲ್ಲಿದೆ, ಅಲ್ಲಿಂದ ಗೆರೆ ಎಳೆದರೆ ಲುಬ್ಧಕ ಅಲ್ಲಿದೆ ಎಂದು ತೋರಿಸಿದವರು ಅವರು. ಆಕಾಶದ ಮಟ್ಟಿಗೆ ಅವರು ರೇಖಾಗಣಿತವನ್ನೇ ಕಲಿಸುತ್ತಿದ್ದರು. ಅವರಿಗೆ ಚಿತ್ರದ ಹಂಗಿತ್ತು. ಅವರ ನಂತರದ ಬಹುಪಾಲು ಲೇಖಕರಿಗೆ ಅದು ಉಳಿಯಲಿಲ್ಲ.

1980ರ ಫೆಬ್ರವರಿ 16ರ ಮಧ್ಯಾಹ್ನದ ಖಗ್ರಾಸ ಗ್ರಹಣವನ್ನೂ ಈ ಚರಿತ್ರೆಗೆ ಸೇರಿಸಬೇಕು. ನೆರಳು ಅಂಕೋಲೆಯ ಕಡೆಯಿಂದ ನೆಲಕ್ಕೆ ಬಂದು ಹುಬ್ಬಳ್ಳಿ, ರಾಯಚೂರಿನ ಮೇಲೆ ಹಾದುಹೋಯಿತು. ಭಾರತೀಯ ಖಭೌತ ಸಂಸ್ಥೆಯವರು ಹುಬ್ಬಳ್ಳಿ ಸಮೀಪದ ಹೊಸೂರಿನಲ್ಲೂ ರಾಯಚೂರು ಕಡೆಯ ಜವಳಗೇರಾದಲ್ಲೂ ಬಿಡಾರ ಹೂಡಿದರು. ಇಲ್ಲಿಗೆ ಇಷ್ಟು ಹತ್ತಿರ ಬಂದ ನೆರಳಿಗೆ ಬಹುಪಾಲು ಜನ ಬಾಗಿಲು ಹಾಕಿಕೊಂಡು ಒಳಗೆ ಕೂತರು. ಗ್ರಹಣ ಬಿಟ್ಟ ಮೇಲೆ ಖಗೋಳದ ಲೇಖನಗಳಿಗೆ ಪತ್ರಿಕೆಗಳಲ್ಲಿ ಜಾಗ ಹೆಚ್ಚಿತು.

ಈಚಿನ ವರ್ಷಗಳಲ್ಲಿ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯಲ್ಲಿ ದುಡಿದ ಪಾಲಹಳ್ಳಿ ವಿಶ್ವನಾಥ್ ‘ಕಣ ಕಣ ದೇವಕಣ’, ‘ಖಗೋಳ ವಿಜ್ಞಾನದ ಕಥೆ’ಗಳಲ್ಲಿ ಮಹಾಸ್ಫೋಟದಿಂದ ಹಿಗ್ಸ್ ಕಣದವರೆಗೆ ಕನ್ನಡದಲ್ಲಿ ಸರಾಗವಾಗಿ ಹೇಳಿದರು. ವಿಶ್ವವಿಜ್ಞಾನದ ಓದಿಗೆ ಇನ್ನು ಕನ್ನಡದಲ್ಲಿ ಬರವಿಲ್ಲ. ಗಣಿತದ ಚರಿತ್ರೆಯಲ್ಲಿ ಸಿ.ಎನ್. ಶ್ರೀನಿವಾಸ ಅಯ್ಯಂಗಾರರ ‘ಗಣಿತಶಾಸ್ತ್ರದ ಚರಿತ್ರೆ’ ಹಳೆಯ ಆಸರೆ. ಎಸ್. ಬಾಲಚಂದ್ರರಾವ್ ಭಾರತೀಯ ಖಗೋಳಗಣಿತವನ್ನು ಹೊಗಳಿಕೆಯ ಅಬ್ಬರವಿಲ್ಲದೆ ಲೆಕ್ಕದ ಸಮೇತ ಬಿಡಿಸಿಟ್ಟರು. ಪದ್ಮಾವತಮ್ಮನವರ ಸಂಪಾದನೆಯಲ್ಲಿ 2000ದಲ್ಲಿ ಹೊಂಬುಜ ಮಠದಿಂದ ‘ಗಣಿತಸಾರಸಂಗ್ರಹ’ಕ್ಕೆ ಕನ್ನಡ ಅನುವಾದ ದೊರೆಯಿತು, ಬರೆದ ಸುಮಾರು ಸಾವಿರದ ನೂರೈವತ್ತು ವರ್ಷದ ಮೇಲೆ. ಈ ಬಗೆಯ ಸೋಸಿದ ಕೆಲಸದ ಪಕ್ಕದಲ್ಲೇ, ಎಲ್ಲವೂ ನಮ್ಮಲ್ಲಿ ಮೊದಲೇ ಇತ್ತು ಎಂಬ ಪುಸ್ತಕಗಳ ರಾಶಿಯೂ ಬೆಳೆದಿದೆ. ಅಂಥವುಗಳಲ್ಲಿ ಜಂಬೂದ್ವೀಪದ 3,16,227 ಸಿಗುತ್ತದೆ, 3,14,159ರ ಸುದ್ದಿ ಇರುವುದಿಲ್ಲ.

ರೇಖಾಗಣಿತಕ್ಕೆ ಕೋಲಾರ ಚಿನ್ನದ ಗಣಿಯ ವಿ.ಎಸ್.ಎಸ್. ಶಾಸ್ತ್ರಿಯವರು ಸಿಗುತ್ತಾರೆ. ಕಾಗದ ಮಡಿಸಿ ಕೋನ, ತ್ರಿಭುಜ, ಘನಾಕೃತಿಗಳನ್ನು ಮಕ್ಕಳ ಬೆರಳಿಗೆ ಇಳಿಸಿದವರು. ಅವರಾಚೆ ಹೆಚ್ಚು ಹೆಸರು ಹೊಳೆಯುವುದಿಲ್ಲ. ಹತ್ತನೆಯ ತರಗತಿಯಲ್ಲಿ ಥೇಲ್ಸ್, ಪೈಥಾಗೊರಸ್ ಪ್ರಮೇಯಗಳನ್ನು ಬಾಯಿಪಾಠ ಮಾಡಿ ಅಂಕ ಗಿಟ್ಟಿಸಿದವರು ಆಮೇಲೆ ಒಂದು ಸಾಧನೆಯನ್ನು ಸುಖಕ್ಕಾಗಿ ಓದಿದ್ದು ನಾನು ಕಂಡಿಲ್ಲ. ಕನ್ನಡದ ಜನಪ್ರಿಯ ಬರಹ ಯೂಕ್ಲಿಡನ ಬದುಕನ್ನು ಹೇಳುತ್ತದೆ, ಅವನ ಒಂದು ವಾದವನ್ನು ಕೊನೆವರೆಗೂ ಕೈಹಿಡಿದು ನಡೆಸುವುದಿಲ್ಲ. ಚಿತ್ರ ಹಾಕಿದರೆ ಅಚ್ಚಿನ ಖರ್ಚು, ಲೆಕ್ಕ ಹಾಕಿದರೆ ಓದುಗ ಓಡುತ್ತಾನೆ ಎಂಬ ಭಯ. ಓದುಗನನ್ನು ಕೇಳಿ ನೋಡಿದವರು ಯಾರು?

ಅಂಥ ಪುಸ್ತಕಕ್ಕೆ ಮೊದಲ ಅಧ್ಯಾಯ ಇಲ್ಲೇ ಇದೆ. ಹಡಗಲಿಯಿಂದ ತುಂಗಭದ್ರೆ ದಾಟಿ ಗದಗ ಜಿಲ್ಲೆಯ ಡಂಬಳಕ್ಕೆ ಹೋದರೆ ದೊಡ್ಡಬಸಪ್ಪನ ಗುಡಿಯ ಗರ್ಭಗೃಹದ ಹೊರಮೈ 24 ಮೂಲೆಗಳ ನಕ್ಷತ್ರ. ಒಂದು ಚೌಕವನ್ನು ನಡುವಿನ ಗೂಟದ ಸುತ್ತ 15 ಡಿಗ್ರಿಯಂತೆ ತಿರುಗಿಸುತ್ತ ಹೋದರೆ ಆರು ಚೌಕಕ್ಕೆ 24 ಮೂಲೆ ಸಿಗುತ್ತವೆ. 15 ಡಿಗ್ರಿಯನ್ನು ಕೋನಮಾಪಕವಿಲ್ಲದೆ ಪಡೆಯುವುದು ಹೇಗೆ? ಹಗ್ಗದಿಂದ ಸಮಬಾಹು ತ್ರಿಭುಜ ಹಾಕಿದರೆ 60 ಬಂತು. ಲಂಬಕೋನದಲ್ಲಿ ಅದನ್ನು ಕಳೆದರೆ 30. ಅದನ್ನು ಮಧ್ಯಕ್ಕೆ ಸೀಳಿದರೆ 15. ಎರಡು ಗೂಟ, ಒಂದು ಹಗ್ಗ. ಬಾಗಳಿ, ನೀಲಗುಂದ, ಅಂಬಳಿಯ ಗುಡಿಗಳ ವಿನ್ಯಾಸ ಇದಕ್ಕಿಂತ ಸರಳ, ಚೌಕದಿಂದ ಮೆಟ್ಟಿಲಾಗಿ ಮುಂಚಾಚಿದ ಗೋಡೆಗಳು. ರೀ ಬಿಡಿಸಿದ ನಕ್ಷೆಗಳಿಗೆ ಈಗ ಹಕ್ಕುಸ್ವಾಮ್ಯದ ತೊಡಕೂ ಇಲ್ಲ.

ಎರಡನೆಯ ಅಧ್ಯಾಯ ನೆರಳಿನದು. ಹನ್ನೆರಡು ಅಂಗುಲದ ಶಂಕುವನ್ನು, ಅಂದರೆ ನೆರಳು ಅಳೆಯುವ ಗೂಟವನ್ನು, ಮಾರ್ಚ್ 20ರ ಆಸುಪಾಸಿನ ವಿಷುವದಿನ ಬಯಲಲ್ಲಿ ನೆಡಬೇಕು. ನಮ್ಮ ಗಡಿಯಾರ 82.5 ಡಿಗ್ರಿ ರೇಖಾಂಶದ್ದಾದ್ದರಿಂದ ಇಲ್ಲಿ ನೆತ್ತಿಯ ಹೊತ್ತಾಗುವುದು ಆ ದಿನ ಹನ್ನೆರಡೂವರೆ ದಾಟಿದ ಮೇಲೆ. ಆಗಿನ ನೆರಳಿನ ಉದ್ದ ಹಡಗಲಿಯಲ್ಲಿ 3 ಅಂಗುಲ 13 ವ್ಯಂಗುಲದಷ್ಟಿರುತ್ತದೆ (ಅಂಗುಲದ ಅರವತ್ತನೆಯ ಪಾಲು ವ್ಯಂಗುಲ). ಹಳಬರು ಅದಕ್ಕೆ ಪಲಭಾ ಎನ್ನುತ್ತಿದ್ದರು. ಅದನ್ನು ಹನ್ನೆರಡರಿಂದ ಭಾಗಿಸಿದರೆ ಊರಿನ ಅಕ್ಷಾಂಶದ ಟ್ಯಾಂಜೆಂಟ್, ಅಂದರೆ 15 ಡಿಗ್ರಿಯದು. ಅದೇ ಶಂಕು ಮೇ 1ರ ಆಸುಪಾಸಿನಲ್ಲಿ, ಮತ್ತೆ ಆಗಸ್ಟ್ 11–12ರ ಹೊತ್ತಿಗೆ, ನೆತ್ತಿಯ ಹೊತ್ತಿನಲ್ಲಿ ನೆರಳನ್ನೇ ಬೀಳಿಸುವುದಿಲ್ಲ. ಮೇ ತಿಂಗಳಲ್ಲಿ ಶಾಲೆಗೆ ರಜೆ. ಆಗಸ್ಟಿನಲ್ಲಿ ಮೋಡ ಅಡ್ಡ ಬರಬಹುದು, ಆದರೆ ಕೂಡ್ಲಿಗಿಯ ಮಳೆಯನ್ನು ಬಲ್ಲವರು ಆ ಆತಂಕ ಇಟ್ಟುಕೊಳ್ಳುವುದಿಲ್ಲ.