ಇಂಟರ್‌ಸೆಕ್ಸ್ ಕೂಸು ಹುಟ್ಟಿದರೆ ಅವಸರ ಯಾವುದಕ್ಕೆ?

ಆಳಂದ, ಅಫಜಲಪುರ, ಜೇವರ್ಗಿ ಯಾವುದೇ ಇರಲಿ, ಹೆರಿಗೆ ವಾರ್ಡಿನ ಹೊರಗೆ ಮೊದಲು ಕೇಳೋದು ಒಂದೇ: "ಗಂಡೇನ್ರೀ, ಹೆಣ್ಣೇನ್ರೀ?" ಜನನಾಂಗ ನೋಡಿ ತಟ್ಟನೆ ಉತ್ತರ ಹೇಳಲಾಗದ ಕೂಸುಗಳೂ ಹುಟ್ಟುತ್ತವೆ. ವರ್ಣತಂತು, ಹಾರ್ಮೋನು ಅಥವಾ ಅಂಗರಚನೆ ಗಂಡು-ಹೆಣ್ಣಿನ ಸಿದ್ಧ ಲೆಕ್ಕಕ್ಕೆ ಕೂಡದ ದೇಹಗಳಿಗೆ ಇಂಟರ್‌ಸೆಕ್ಸ್ ಅಥವಾ ಅಂತರಲಿಂಗಿ ಅನ್ನುತ್ತಾರೆ. ಕೆಲವರಿಗೆ ಇದು ಗೊತ್ತಾಗೋದೇ 16 ತುಂಬಿದರೂ ಮುಟ್ಟು ಬರದಿದ್ದಾಗ. ಜೋಗಪ್ಪ, ಹಿಜ್ರಾ, ಟ್ರಾನ್ಸ್‌ಜೆಂಡರ್ ಅನ್ನೋ ಪದಗಳ ಜೊತೆ ಇದನ್ನು ಕಲಸಬಾರದು. ಅವು ಗುರುತಿನ, ಸಮುದಾಯದ ಮಾತು. ಇದು ದೇಹದ ಮಾತು. 2019ರ ಕಾಯ್ದೆ ಮಾತ್ರ ಎಲ್ಲರನ್ನೂ ಒಂದೇ ಚೀಲಕ್ಕೆ ತುಂಬಿತು.

ಇಂಟರ್‌ಸೆಕ್ಸ್ ಆಗಿರೋದು ಕಾಯಿಲೆಯಲ್ಲ. ಆದರೆ ಒಂದು ಸ್ಥಿತಿಯಲ್ಲಿ ನಿಜವಾದ ತುರ್ತು ಇದೆ: ಸಿಎಎಚ್. ಮೂತ್ರಪಿಂಡದ ಮೇಲಿರುವ ಅಡ್ರಿನಲ್ ಗ್ರಂಥಿ ಬೇಕಾದ ಹಾರ್ಮೋನು ತಯಾರಿಸದೆ, ಕೆಲವು ಕೂಸುಗಳ ಮೈಯಿಂದ ಉಪ್ಪಿನಂಶ ಸೋರಿಹೋಗುತ್ತದೆ. ಎರಡು-ಮೂರನೇ ವಾರಕ್ಕೆ ವಾಂತಿ, ನಿತ್ರಾಣ, ಆಮೇಲೆ ಸಾವು. ಗಂಡು ಕೂಸಿನಲ್ಲಿ ಹೊರಗೆ ಏನೂ ಕಾಣದ ಕಾರಣ ವಾಂತಿ-ಭೇದಿ ಅಂದುಕೊಂಡೇ ಕಳೆದುಕೊಳ್ಳುತ್ತಾರೆ. ಬೇಕಾದದ್ದು ಸೋಡಿಯಂ, ಪೊಟ್ಯಾಸಿಯಂ, ಹಾರ್ಮೋನು ಪರೀಕ್ಷೆ, ಆಮೇಲೆ ಜೀವನಪೂರ್ತಿ ದಿನಾ ಮಾತ್ರೆ. ಈ ಜೀನ್ ಅಪ್ಪ-ಅಮ್ಮ ಇಬ್ಬರಿಂದಲೂ ಬರಬೇಕು. ಸೋದರಮಾವ, ಅತ್ತೆ ಮಗ ಅಂತ ಒಳಸಂಬಂಧದಲ್ಲೇ ಮದುವೆಯಾಗುವಲ್ಲಿ ಸಾಧ್ಯತೆ ಹೆಚ್ಚು. ಬಾಣಂತಿಯೊಬ್ಬಳನ್ನೇ ಬೈಯೋರಿಗೆ ಇದು ಗೊತ್ತಿರಲಿ.

ನೋಡೋಕೆ "ಸರಿ" ಕಾಣಲಿ ಅಂತ ಮಾಡುವ ಜನನಾಂಗದ ಆಪರೇಷನ್ನಿಗೆ ಇಂಥ ಅವಸರವಿಲ್ಲ. ಸ್ಪರ್ಶಜ್ಞಾನ ಹೋಗಬಹುದು, ಸಂತಾನಶಕ್ತಿ ಹೋಗಬಹುದು, ಬೆಳೆದ ಮಗು "ನಾನು ಅದಲ್ಲ" ಅನ್ನಬಹುದು. ಕತ್ತರಿಸಿದ್ದು ವಾಪಸ್ ಬರೋದಿಲ್ಲ. ಮೂತ್ರ ಹೋಗಲು ದಾರಿಯೇ ಇಲ್ಲದಂಥ ಸಂದರ್ಭ ಬೇರೆ.

2019ರ ಏಪ್ರಿಲ್‌ನಲ್ಲಿ ಮದ್ರಾಸ್ ಹೈಕೋರ್ಟಿನ ನ್ಯಾಯಮೂರ್ತಿ ಜಿ.ಆರ್. ಸ್ವಾಮಿನಾಥನ್ ಇದನ್ನೇ ಹೇಳಿದರು: ತಂದೆತಾಯಿಯ ಒಪ್ಪಿಗೆ ಮಗುವಿನ ಒಪ್ಪಿಗೆಯಲ್ಲ. ಅದೇ ವರ್ಷ ತಮಿಳುನಾಡು ಸರ್ಕಾರ, ಜೀವಕ್ಕೆ ಅಪಾಯವಿದ್ದಾಗ ಬಿಟ್ಟು, ಇಂಟರ್‌ಸೆಕ್ಸ್ ಶಿಶುಗಳ ಇಂಥ ಶಸ್ತ್ರಚಿಕಿತ್ಸೆ ನಿಷೇಧಿಸಿತು. ಮಾಲ್ಟಾ 2015ರಲ್ಲೇ ಕಾನೂನು ತಂದಿತ್ತು. 2024ರಲ್ಲಿ ಗೋಪಿ ಶಂಕರ್ ಮಧುರೈ ಅವರ ಅರ್ಜಿಯ ಮೇಲೆ ಸುಪ್ರೀಂ ಕೋರ್ಟ್ ಕೇಂದ್ರಕ್ಕೆ ನೋಟಿಸ್ ಕೊಟ್ಟಿತು. ಕರ್ನಾಟಕ ಸರ್ಕಾರ ಅದಕ್ಕೆಲ್ಲ ಕಾಯಬೇಕಿಲ್ಲ ಅಂತ ನನ್ನ ವಾದ. ತಮಿಳುನಾಡಿಗೆ ಒಂದು ಆದೇಶ ಸಾಕಾಯಿತು.

ಕಲಬುರಗಿ ಜಿಲ್ಲೆಯ ತಾಲ್ಲೂಕುಗಳ ಹೆಸರನ್ನೇ ನಾನು ಎತ್ತಿದ್ದಕ್ಕೆ ಕಾರಣವಿದೆ. ಇಲ್ಲಿ ತಾಂಡಾಗಳ ಲಂಬಾಣಿ ಮತ್ತು ದಲಿತ ಹೆಣ್ಣುಮಕ್ಕಳ ಗರ್ಭಕೋಶಗಳನ್ನು ಖಾಸಗಿ ಆಸ್ಪತ್ರೆಗಳು ಅಗತ್ಯವಿಲ್ಲದೆ ತೆಗೆದದ್ದು 2015ರಲ್ಲಿ ಬಯಲಾಯಿತು. ಕರ್ನಾಟಕ ಜನಾರೋಗ್ಯ ಚಳವಳಿ ಅದರ ಬೆನ್ನು ಹತ್ತಿತು. ಹೊಟ್ಟೆನೋವು ಅಂತ ಹೋದವರಿಗೆ ಕ್ಯಾನ್ಸರ್ ಭಯ ಹುಟ್ಟಿಸಿ ಸಹಿ ಹಾಕಿಸಿದ್ದರು. ದೊಡ್ಡವರ ಒಪ್ಪಿಗೆಯೇ ಹೀಗೆ ಪಡೆಯುವಲ್ಲಿ, ಹತ್ತು ದಿನದ ಕೂಸಿನ ಪರವಾಗಿ ಹೆದರಿದ ಅಪ್ಪ ಹಾಕುವ ಸಹಿಗೆ ಎಷ್ಟು ಬೆಲೆ?

ಜನನ ನೋಂದಣಿಗೆ 21 ದಿನ ಸಮಯವಿದೆ, ಅದಕ್ಕೆ ಆಪರೇಷನ್ ಬೇಕಿಲ್ಲ. ಗಂಡು ಅಥವಾ ಹೆಣ್ಣು ಅಂತ ಹೆಸರಿಟ್ಟು ಬೆಳೆಸೋದಕ್ಕೂ ಬೇಕಿಲ್ಲ. ಡಾಕ್ಟರು ಕತ್ತರಿಯ ಮಾತೆತ್ತಿದರೆ ಕೇಳಿ: "ಈಗ ಮಾಡಲಿಲ್ಲಂದ್ರ ಕೂಸಿನ ಜೀವಕ್ಕೇನರ ಆಗ್ತದೇನ್ರೀ?" ಉತ್ತರವನ್ನು ಬರೆಸಿಕೊಳ್ಳಿ. ಪರೀಕ್ಷೆಯ ಕಾಗದಗಳನ್ನೂ ಜೋಪಾನ ಮಾಡಿ. ಮುಂದೆ ಆ ಮಗು ತನ್ನ ದೇಹದ ಬಗ್ಗೆ ಕೇಳಿದಾಗ ಅವು ಬೇಕಾಗುತ್ತವೆ.