ಕಲಬುರಗಿಯ ಎರಡನೇ ಸಿಕಂದರ್

ಅಲೆಕ್ಸಾಂಡರ್ ಕಲಬುರಗಿಗೆ ಬರಲಿಲ್ಲ. ಕ್ರಿ.ಪೂ. 326ರಲ್ಲಿ ಬಿಯಾಸ್ ನದಿಯ ದಂಡೆಯಲ್ಲಿ ಅವನ ಸೈನಿಕರು ಇನ್ನು ಮುಂದೆ ಒಂದು ಹೆಜ್ಜೆ ಇಡಲ್ಲ ಎಂದು ಹಟ ಹಿಡಿದರು, ಅವನು ಅಲ್ಲಿಂದಲೇ ಹಿಂದಿರುಗಿದ. ಹೆಸರು ಮಾತ್ರ ನಿಲ್ಲಲಿಲ್ಲ. ಸುಮಾರು 1,670 ವರ್ಷ ನಡೆದು, ದೇಶ ಭಾಷೆ ಧರ್ಮ ಎಲ್ಲ ಬದಲಿಸಿಕೊಂಡು, ಕೊನೆಗೆ ನಮ್ಮೂರಿನ ಬೆಳ್ಳಿ ಟಂಕದ ಮೇಲೆ ಬಂದು ಕೂತಿತು.

ಆ ಟಂಕವನ್ನು ನಾನು ಕೈಯಲ್ಲಿ ಹಿಡಿದು ನೋಡಿದ್ದು ಶಹಾಬಜಾರದ ಒಬ್ಬ ಹಳೆಯ ಸ್ನೇಹಿತರ ಮನೆಯಲ್ಲಿ. ಅವರದು ತಲೆಮಾರುಗಳ ಸರಾಫಿ. ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಿದ ಮಾಸ್ತರ ಬಂದಾನೆಂದು ಕಬ್ಬಿಣದ ಪೆಟ್ಟಿಗೆ ತೆಗೆದರು. ಹತ್ತು ಹನ್ನೊಂದು ಗ್ರಾಂ ತೂಕ, ನಮ್ಮ ಹಳೆಯ ರೂಪಾಯಿಯಷ್ಟು ಅಗಲ. ಅಂಚಿನಲ್ಲಿ ಟಂಕಸಾಲೆಯ ಹೆಸರು, ಇಸವಿ ಇರಬೇಕಾದ ಸಾಲು ಅರ್ಧಕ್ಕರ್ಧ ಅಚ್ಚಿನ ಹೊರಗೆ ಹೋಗಿತ್ತು. ನಡುವಿನ ಅರಬ್ಬಿ ಅಕ್ಷರಗಳು ಮಾತ್ರ ಒಂದರ ಹೆಗಲ ಮೇಲೊಂದು ಹತ್ತಿ ಗಟ್ಟಿಯಾಗಿ ಕೂತಿದ್ದವು. ಬೆರಳಿಟ್ಟು ಓದಿಸಿದರು: ಸಿಕಂದರ್ ಅಲ್ ಸಾನಿ. ಅಂದರೆ ಎರಡನೇ ಅಲೆಕ್ಸಾಂಡರ್. ಮುಂದೆ, ಖಿಲಾಫತ್ತಿನ ಬಲಗೈ, ವಿಶ್ವಾಸಿಗಳ ಒಡೆಯನ ಸಹಾಯಕ.

ಟಂಕ ಹೊಡೆಸಿದವನು ಅಲಾವುದ್ದೀನ್ ಹಸನ್ ಬಹಮನ್ ಶಾಹ. 1347ರ ಆಗಸ್ಟ್ 3ರಂದು ದೌಲತಾಬಾದಿನಲ್ಲಿ ಪಟ್ಟವೇರಿ, ಕಲಬುರಗಿಯನ್ನು ಅಹಸನಾಬಾದ್ ಎಂದು ಕರೆದು ರಾಜಧಾನಿ ಮಾಡಿಕೊಂಡವನು. 1358ರಲ್ಲಿ ತೀರಿಕೊಂಡ. ಕೋಟೆಯ ಪಶ್ಚಿಮಕ್ಕೆ ಅವನ ಗೋರಿ ಇದೆ. ಒಳಕ್ಕೆ ವಾಲಿದ ಗೋಡೆ, ತಗ್ಗಿದ ಗುಮ್ಮಟ, ದಿಲ್ಲಿಯ ತುಘಲಕರ ಕಟ್ಟಡಗಳ ಪಡಿಯಚ್ಚು. ದಿಲ್ಲಿಯ ಮೇಲೆ ಬಂಡೆದ್ದು ರಾಜ್ಯ ಕಟ್ಟಿದವನು ಸತ್ತ ಮೇಲೂ ದಿಲ್ಲಿಯ ಗುಮ್ಮಟದ ಕೆಳಗೇ ಮಲಗಿದ್ದಾನೆ.

ಬಿರುದೂ ದಿಲ್ಲಿಯದೇ. ಅಲಾವುದ್ದೀನ್ ಖಿಲ್ಜಿ ಇದೇ ಮಾತುಗಳನ್ನು ತನ್ನ ನಾಣ್ಯದಲ್ಲಿ ಹಾಕಿಸಿದ್ದ. ಖಿಲ್ಜಿಗೆ ಸಿಕಂದರನಂತೆ ಲೋಕ ಗೆಲ್ಲುವ ಹುಚ್ಚು ಹತ್ತಿದಾಗ, ಸಿಕಂದರನಿಗಿದ್ದ ಅರಿಸ್ಟಾಟಲ್‌ನಂಥ ಮಂತ್ರಿ ನಿಮಗೆಲ್ಲಿ ಎಂದು ದಿಲ್ಲಿಯ ಕೊತ್ವಾಲ ಅಲಾ ಉಲ್ ಮುಲ್ಕ್ ಬುದ್ಧಿ ಹೇಳಿದನೆಂದು ಇತಿಹಾಸಕಾರ ಬರನಿ ಬರೆದಿದ್ದಾನೆ. ಖಿಲ್ಜಿ ಕೇಳಿದ, ಆದರೆ ಬಿರುದು ಬಿಡಲಿಲ್ಲ. ನಮ್ಮ ಹಸನ್ ಅದನ್ನು ಅಕ್ಷರ ಬದಲಿಸದೆ ಎತ್ತಿಕೊಂಡ. ಬಾಗ್ದಾದಿನ ಖಲೀಫನನ್ನು ಮಂಗೋಲರು 1258ರಲ್ಲೇ ಕೊಂದಿದ್ದರು. ಬಾಗ್ದಾದ್ ಹಾಳಾಗಿ ತೊಂಬತ್ತು ವರ್ಷ ಕಳೆದರೂ ಭೀಮಾ ತೀರದಲ್ಲಿ ಖಿಲಾಫತ್ತಿಗೆ ಬಲಗೈ ಇತ್ತು ಅನ್ನಿ.

ಇಷ್ಟಕ್ಕೇ ಮುಗಿದಿದ್ದರೆ ನಕಲು ಎಂದು ಕೈಬಿಡಬಹುದಿತ್ತು. ಆದರೆ ಹಸನ್ ಇನ್ನೊಂದು ಹೆಸರನ್ನೂ ಹಿಡಿದ, ಬಹಮನ್. ಪರ್ಷಿಯದ ವೀರ ಇಸ್ಫಂದಿಯಾರನ ಮಗ ಬಹಮನನ ವಂಶ ತನ್ನದು ಎಂದ. ಈ ಎರಡು ಹೆಸರುಗಳಿಗೆ ಏನು ಸಂಬಂಧ ಎಂದು ನಾನು ಓದಿದ ಪುಸ್ತಕಗಳಲ್ಲಿ ಯಾರೂ ಒತ್ತಿ ಹೇಳುವುದಿಲ್ಲ. 1010ರಲ್ಲಿ ಫಿರ್ದೌಸಿ ಮುಗಿಸಿದ ಫಾರ್ಸಿ ಮಹಾಕಾವ್ಯ ಶಾಹನಾಮೆಯನ್ನು ತೆರೆದರೆ ಸಂಬಂಧ ಎದುರಿಗೇ ಇದೆ. ಅಲ್ಲಿ ಬಹಮನನ ಮಗ ದಾರಾಬ. ದಾರಾಬ ರೂಮಿನ ಅರಸ ಫೈಲಕೂಸನ, ಅಂದರೆ ಮ್ಯಾಸಿಡೋನಿಯದ ಫಿಲಿಪ್ಪನ, ಮಗಳನ್ನು ಮದುವೆಯಾಗುತ್ತಾನೆ. ಹುಡುಗಿಯ ಬಾಯಿ ವಾಸನೆ. ವೈದ್ಯರು ಸಿಕಂದರ್ ಎಂಬ ಸೊಪ್ಪು ಕೊಟ್ಟು ವಾಸಿ ಮಾಡುತ್ತಾರೆ, ಆದರೂ ದಾರಾಬನ ಮನಸ್ಸು ಮುರಿದು ಅವಳನ್ನು ತವರಿಗೆ ಅಟ್ಟುತ್ತಾನೆ. ಆಗ ಅವಳು ಬಸುರಿ. ಹುಟ್ಟಿದ ಮಗುವಿಗೆ ಆ ಸೊಪ್ಪಿನ ಹೆಸರೇ ಇಡುತ್ತಾರೆ, ಫೈಲಕೂಸ್ ಅದನ್ನು ತನ್ನ ಮಗನೆಂದೇ ಸಾಕುತ್ತಾನೆ. ಹಾಗಾಗಿ ಫಿರ್ದೌಸಿಯ ಲೆಕ್ಕದಲ್ಲಿ ಸಿಕಂದರ್ ಬಹಮನನ ಸ್ವಂತ ಮೊಮ್ಮಗ! ಹಸನ್ ಎರಡು ಅಂಗಡಿಯಿಂದ ಸಾಮಾನು ತಂದಿರಲಿಲ್ಲ. ಒಂದೇ ಮನೆತನದ ಅಜ್ಜನನ್ನೂ ಮೊಮ್ಮಗನನ್ನೂ ಕರೆತಂದಿದ್ದ.

ಅವನ ಆಸ್ಥಾನಕ್ಕೆ ಶಾಹನಾಮೆ ಗೊತ್ತಿತ್ತು ಅನ್ನುವುದರಲ್ಲಿ ಅನುಮಾನ ಬೇಡ. 1350ರಲ್ಲಿ ಇಸಾಮಿ ಎಂಬ ಕವಿ ಶಾಹನಾಮೆಯ ಮಾದರಿಯಲ್ಲೇ ಫುತೂಹುಸ್ಸಲಾತೀನ್ ಎಂಬ ದೊಡ್ಡ ಫಾರ್ಸಿ ಕಾವ್ಯ ಬರೆದು ಅವನಿಗೆ ಅರ್ಪಿಸಿದ. ಈ ಇಸಾಮಿ 1327ರಲ್ಲಿ ಮುಹಮ್ಮದ್ ಬಿನ್ ತುಘಲಕ್ ದಿಲ್ಲಿಯವರನ್ನು ದೌಲತಾಬಾದಿಗೆ ಹೊರಡಿಸಿದಾಗ ತೊಂಬತ್ತರ ಅಜ್ಜನ ಜೊತೆ ಹೊರಟಿದ್ದ ಹುಡುಗ. ಅಜ್ಜ ಮೊದಲ ಮಜಲಿನಲ್ಲೇ ಪ್ರಾಣಬಿಟ್ಟ. ತುಘಲಕನ ಮೇಲೆ ಅವನಷ್ಟು ಹಲ್ಲು ಕಡಿದು ಬರೆದವರು ಇಲ್ಲ. ತುಘಲಕನಿಂದ ದಖ್ಖನ್ನನ್ನು ಬಿಡಿಸಿದವನಲ್ಲಿ ಅವನಿಗೆ ಪುರಾಣದ ವೀರನೇ ಕಂಡಿದ್ದರೆ ನನಗೆ ಆಶ್ಚರ್ಯವಿಲ್ಲ.

ಈ ಫಾರ್ಸಿ ಸಿಕಂದರನ ಹಿಂದೆ ಹೋದರೆ ಗ್ರೀಕರು ಸಿಗುತ್ತಾರೆ, ಮತ್ತು ಅಲ್ಲಿಯೂ ಇದೇ ವ್ಯವಹಾರ. ಮ್ಯಾಸಿಡೋನಿಯದವರನ್ನು ಅಸಲಿ ಗ್ರೀಕರೆಂದು ಒಪ್ಪಲು ಅಥೆನ್ಸಿನಂಥ ಊರುಗಳಲ್ಲಿ ಅನೇಕರು ಮೂಗು ಮುರಿಯುತ್ತಿದ್ದರು. ಅಲೆಕ್ಸಾಂಡರನ ಮನೆತನದವರು ತಮ್ಮದು ಹೆರಾಕ್ಲೀಸನ ಕುಲ ಎಂದರು. ತಾಯಿ ಒಲಿಂಪಿಯಾಸಳ ಕಡೆಯಿಂದ ಅಕಿಲೀಸ್ ಬಂದ. ಕ್ರಿ.ಪೂ. 334ರಲ್ಲಿ ಏಷ್ಯಕ್ಕೆ ಕಾಲಿಟ್ಟ ಕೂಡಲೇ ಅಲೆಕ್ಸಾಂಡರ್ ಟ್ರಾಯ್‌ಗೆ ಹೋಗಿ ಅಕಿಲೀಸನ ಸಮಾಧಿಗೆ ಹಾರ ಹಾಕಿದ. ಗೆಳೆಯ ಹೆಫೈಸ್ಟಿಯನ್ ಪಕ್ಕದಲ್ಲೇ ಅಕಿಲೀಸನ ಗೆಳೆಯ ಪ್ಯಾಟ್ರೋಕ್ಲಸನ ಸಮಾಧಿಗೆ ಹಾಕಿದನೆಂದು ಹೇಳುತ್ತಾರೆ. ಯಾರು ಯಾವ ವೇಷ ಎಂಬುದು ಮೊದಲೇ ಗೊತ್ತಾಗಿ ಹೋಗಿತ್ತು.

ಹೆರಾಕ್ಲೀಸನ ಹನ್ನೆರಡು ಸಾಹಸಗಳಲ್ಲಿ ಮೊದಲನೆಯದು ನೆಮಿಯಾದ ಸಿಂಹ. ಬಾಣ ನಾಟದು, ಕತ್ತಿ ಹರಿಯದು. ಕೊನೆಗೆ ಬರಿಗೈಯಲ್ಲಿ ಕತ್ತು ಹಿಸುಕಿ ಕೊಂದು, ಅದರ ಉಗುರಿನಿಂದಲೇ ಚರ್ಮ ಸುಲಿದು, ತಲೆಯ ಮೇಲೆ ಮುಸುಕು ಹಾಕಿಕೊಂಡ. ಅಲೆಕ್ಸಾಂಡರನ ಬೆಳ್ಳಿ ನಾಣ್ಯದ ಒಂದು ಮಗ್ಗುಲಲ್ಲಿ ಆ ಸಿಂಹದ ಬಾಯೊಳಗಿಂದ ಇಣುಕುವ ಹೆರಾಕ್ಲೀಸನ ಮುಖ, ಇನ್ನೊಂದು ಮಗ್ಗುಲಲ್ಲಿ ಕೈಮೇಲೆ ಹದ್ದು ಕೂರಿಸಿಕೊಂಡು ಸಿಂಹಾಸನದಲ್ಲಿರುವ ಸ್ಯೂಸ್. ಇಂದ್ರನ ಹಾಗೆ ಸಿಡಿಲು ಹಿಡಿದವನು ಸ್ಯೂಸ್, ಹೆರಾಕ್ಲೀಸನ ಅಪ್ಪ. ಕ್ರಿ.ಪೂ. 331ರಲ್ಲಿ ಈಜಿಪ್ಟಿನ ಮರುಭೂಮಿಯ ಸೀವಾದಲ್ಲಿ ಅಮ್ಮೋನ್ ದೇವರ ಪೂಜಾರಿ ಅಲೆಕ್ಸಾಂಡರನನ್ನೂ ದೇವರ ಮಗನೆಂದು ಕರೆದ. ಗ್ರೀಕರಿಗೆ ಅಮ್ಮೋನ್ ಎಂದರೆ ಸ್ಯೂಸೇ, ಟಗರಿನ ಕೊಂಬಿನವನು. ಅಲೆಕ್ಸಾಂಡರ್ ಸತ್ತ ಮೇಲೆ ಸೇನಾಪತಿ ಲೈಸಿಮಾಕಸ್ ಹೊರಡಿಸಿದ ನಾಣ್ಯಗಳಲ್ಲಿ ಅಲೆಕ್ಸಾಂಡರನ ಕಿವಿಯ ಮೇಲೇ ಆ ಕೊಂಬು ಸುತ್ತಿಕೊಂಡಿದೆ. ಕುರಾನಿನ 18ನೇ ಅಧ್ಯಾಯದಲ್ಲಿ ಬರುವ ಜುಲ್‌ಕರ್ನೈನ್, ಎರಡು ಕೊಂಬಿನವನು, ಈ ಸಿಕಂದರನೇ ಎಂದು ಬಹಳ ಜನ ವ್ಯಾಖ್ಯಾನಕಾರರು ಹೇಳಿದ್ದಾರೆ. ಅಲ್ಲ ಎನ್ನುವವರೂ ಇದ್ದಾರೆ.

ಅಲೆಕ್ಸಾಂಡರನ ಸಾವಿನ ನಂತರ ಈಜಿಪ್ಟಿನಲ್ಲಿ ಗ್ರೀಕ್ ಭಾಷೆಯಲ್ಲಿ ಒಂದು ಕಥೆ ಬೆಳೆಯಿತು. ಅದರಲ್ಲಿ ಅವನ ಅಪ್ಪ ಫಿಲಿಪ್ಪನಲ್ಲ, ನೆಕ್ಟನೆಬೊ ಎಂಬ ಮಾಟಗಾರ ಈಜಿಪ್ಟ್ ದೊರೆ. ಅದೇ ಕಥೆ ಸಿರಿಯಾಕ್, ಅರಬ್ಬಿ ದಾಟಿ ಇರಾನಿಗೆ ಹೋದಾಗ ಅಪ್ಪ ಇರಾನಿಯಾದ. ಗೆದ್ದವನು ಪರಕೀಯನಾದರೆ ಸೋತವರಿಗೆ ನಿದ್ದೆ ಹತ್ತುವುದಿಲ್ಲ, ಅವನನ್ನು ಮನೆಮಗನನ್ನಾಗಿ ಮಾಡಿಕೊಂಡರೆ ಮಾತ್ರ ಸಮಾಧಾನ.

ಅಮೃತದ ಕಥೆಯೂ ಹಾಗೇ ಊರೂರು ತಿರುಗಿತು. ಗ್ರೀಕರಲ್ಲಿ ಗ್ಲಾಕಸ್ ಎಂಬ ಬೆಸ್ತನಿದ್ದ. ಹಿಡಿದ ಮೀನನ್ನು ಹುಲ್ಲಿನ ಮೇಲೆ ಹಾಕಿದರೆ ಅದು ಜೀವ ಬಂದು ನೀರಿಗೆ ಹಾರಿತು. ಆ ಹುಲ್ಲು ತಿಂದು ತಾನೂ ಹಾರಿ ಸಮುದ್ರದೇವನಾದ. ಅಲೆಕ್ಸಾಂಡರನ ಕಥೆಯಲ್ಲಿ ಅಡುಗೆಯವ ಒಣಮೀನು ತೊಳೆಯಲು ಹೋದಾಗ ಅದು ಊಟೆಯಲ್ಲಿ ಈಜಿ ಹೋಗುತ್ತದೆ. ಅಡುಗೆಯವ ಬೊಗಸೆ ನೀರು ಕುಡಿಯುತ್ತಾನೆ, ಒಡೆಯನಿಗೆ ಹೇಳುವುದಿಲ್ಲ. ಫಾರ್ಸಿ ಕವಿ ನಿಜಾಮಿಯ ಸಿಕಂದರನಾಮೆಗೆ ಬರುವಷ್ಟರಲ್ಲಿ ನೀರು ಕುಡಿದವನು ಖಿಜರ್ ಆಗಿದ್ದಾನೆ. ದಾರಿ ತಪ್ಪಿದವರಿಗೆ ದಾರಿ ತೋರಿಸುವ ಆ ಖ್ವಾಜಾ ಖಿಜರನ ಹೆಸರನ್ನು ನಮ್ಮ ತಾಜಸುಲ್ತಾನಪುರದ ಮುದುಕಿಯರು ಪ್ರಯಾಣ ಹೊರಟ ಮಕ್ಕಳ ತಲೆ ಸವರುತ್ತ ಹೇಳುವುದನ್ನು ಕೇಳಿದ್ದೇನೆ. ಗ್ಲಾಕಸ್ಸನ ಹುಲ್ಲಿನ ಸುದ್ದಿ ಅವರಿಗೆ ಯಾಕೆ ಬೇಕು?

ಗ್ರೀಕರ ಹೆಸರು ಈ ನಡುವಿನವರ ಹಂಗಿಲ್ಲದೆ ನೇರವಾಗಿ ನಮ್ಮ ಜಿಲ್ಲೆಗೆ ಬರುವ ಅವಕಾಶ ಒಂದಿತ್ತು. ಅಶೋಕ ತನ್ನ 13ನೇ ಬಂಡೆ ಶಾಸನದಲ್ಲಿ ಐವರು ಯವನ, ಅಂದರೆ ಗ್ರೀಕ್, ರಾಜರನ್ನು ಹೆಸರಿಸುತ್ತಾನೆ. 1980ರ ದಶಕದಲ್ಲಿ ನಮ್ಮ ಜಿಲ್ಲೆಯ ಸನ್ನತಿಯ ಚಂದ್ರಲಾಂಬಾ ಗುಡಿಯ ಆವರಣದಲ್ಲಿ, ಕಾಳಿಯ ಪೀಠವಾಗಿದ್ದ ಚಪ್ಪಡಿಯ ಮೇಲೆ ಅಶೋಕನ ಶಾಸನ ಸಿಕ್ಕಿತು. ಅದರಲ್ಲಿ 12 ಇದೆ, 14 ಇದೆ. 13 ಇಲ್ಲ.

ಹಸನನ ಮೂಲದ ಬಗ್ಗೆ ಎರಡೂವರೆ ಶತಮಾನದ ನಂತರ ಬಿಜಾಪುರದಲ್ಲಿ ಕೂತು ಬರೆದ ಫರಿಶ್ತಾ ಬೇರೆ ಕಥೆ ಹೇಳುತ್ತಾನೆ. ದಿಲ್ಲಿಯ ಗಂಗು ಎಂಬ ಬ್ರಾಹ್ಮಣ ಜೋಯಿಸನ ಹೊಲ ಉಳುತ್ತಿದ್ದಾಗ ಹಸನನಿಗೆ ನೇಗಿಲಿಗೆ ಚಿನ್ನದ ಗಡಿಗೆ ತಾಗಿತು, ಒಡೆಯನಿಗೇ ಒಪ್ಪಿಸಿದ, ಜೋಯಿಸ ರಾಜಯೋಗ ಹೇಳಿದ. ಬಹಮನಿ ಎಂಬುದು ಬ್ರಾಹ್ಮಣನ ಋಣದಿಂದ ಬಂದದ್ದು, ಇರಾನಿನ ವಂಶಾವಳಿ ಹೊಗಳುಭಟರದು ಎಂಬುದು ಅವನ ಅಭಿಪ್ರಾಯ. ಇತಿಹಾಸಕಾರರು ಗಂಗುವಿನ ಕಥೆಯನ್ನು ನಂಬುವುದಿಲ್ಲ, ನಾನೂ ನಂಬುವುದಿಲ್ಲ. ಆದರೆ ಕಲಬುರಗಿಯಲ್ಲಿ ಯಾರನ್ನಾದರೂ ಕೇಳಿ ನೋಡಿ, ಗಂಗು ಗೊತ್ತು, ಇಸ್ಫಂದಿಯಾರ ಗೊತ್ತಿಲ್ಲ. ಸಿಕಂದರ್ ಎಂದರೆ ಹಳಬರಿಗೆ 1941ರ ಸೊಹ್ರಾಬ್ ಮೋದಿ ಚಿತ್ರದ ಪೃಥ್ವಿರಾಜ್ ಕಪೂರ್, ಆಮೇಲಿನವರಿಗೆ 1978ರ ಅಮಿತಾಭ್ ಬಚ್ಚನ್.

ಹಸನನ ಮಗ ಮೊದಲನೇ ಮುಹಮ್ಮದ್ ಶಾಹ ಪಟ್ಟಕ್ಕೆ ಬಂದಾಗ ಟಂಕದ ಬರಹ ಬದಲಾಯಿತು. ಅವನ ಬಿರುದಿನಲ್ಲಿ ಸಿಕಂದರ್ ಇಲ್ಲ. ಸುಲ್ತಾನನ ಮಗನಿಗೆ ಬೇರೆಯವರ ಅಜ್ಜ ಮೊಮ್ಮಕ್ಕಳು ಬೇಕಾಗಿರಲಿಲ್ಲ. ಅವನಿಗೆ ಕಾಟ ಇದ್ದದ್ದು ಬೇರೆ ಕಡೆಯಿಂದ. ವಿಜಯನಗರ, ತೆಲಂಗಾಣದ ಅರಸರ ಕುಮ್ಮಕ್ಕಿನಿಂದ ಇಲ್ಲಿನ ಸರಾಫರು ಬಹಮನಿ ನಾಣ್ಯಗಳನ್ನು ಸಿಕ್ಕ ಸಿಕ್ಕಲ್ಲಿ ಕರಗಿಸುತ್ತಿದ್ದರು, ತಮ್ಮ ಹೊನ್ನೇ ಚಲಾವಣೆಯಲ್ಲಿರಲಿ ಎಂದು. ಎಚ್ಚರಿಕೆ ಕೊಟ್ಟರೂ ಕೇಳದಾಗ 1360ರಲ್ಲಿ ಸುಲ್ತಾನ ಒಂದೇ ದಿನ ಅವರನ್ನೆಲ್ಲ ಕೊಲ್ಲಿಸಿ, ದಿಲ್ಲಿ ಕಡೆಯಿಂದ ಬಂದ ಖತ್ರಿಗಳಿಗೆ ಆ ಕಸುಬು ಒಪ್ಪಿಸಿದ ಎನ್ನುತ್ತಾನೆ ಫರಿಶ್ತಾ. ಇದನ್ನು ಹೇಳಿದಾಗ ಶಹಾಬಜಾರದ ನನ್ನ ಸ್ನೇಹಿತರು ಟಂಕವನ್ನು ಬಟ್ಟೆಯಲ್ಲಿ ಸುತ್ತುತ್ತ, "ಹಂಗಾರ ಇದು ಮೂಸ್ಯಾಗಿಂದ ಉಳದದ್ದರಿ ಮಾಸ್ತರ" ಎಂದರು.